ಗುಮಾಸ್ತರು ಚಕ್ರ ಬದಲಿಸಿದ್ದು

ಮನುಷ್ಯ ಕೆಡುವುದಕ್ಕೆ ದೊಡ್ಡ ಕಾರಣವೇನೂ ಬೇಕಿಲ್ಲ. ದೂರದಲ್ಲಿರುವ ಹೆಂಡತಿ ಫೋನಿನಲ್ಲಿ ಒಂದು ನಿಟ್ಟುಸಿರು ಬಿಟ್ಟರೆ ಸಾಕು. ನೀರು ಸರಬರಾಜು ಕಚೇರಿಯ ರವಾನೆ ವಿಭಾಗದ ಗುಮಾಸ್ತರ ವಿಷಯದಲ್ಲಿ ಆದದ್ದು ಇಷ್ಟೇ. ಅದಕ್ಕೆ ಮುಂಚೆ ಅವರು ಯಾರ ತಂಟೆಗೂ ಹೋದವರಲ್ಲ, ಯಾರ ಬಾಯಿಗೂ ಬಿದ್ದವರಲ್ಲ. ಇಡೀ ದಿನ ಬೇರೆಯವರ ಕಾಗದಗಳಿಗೆ ವಿಳಾಸ ಬರೆದು, ಮೊಹರು ಹಾಕಿ, ಎಲ್ಲೆಲ್ಲಿಗೋ ಕಳಿಸಿ, ಸಂಜೆ ತಾವು ಮಾತ್ರ ಅದೇ ಬೀದಿಯ ಅದೇ ಮನೆಗೆ ಬಂದು ಬೀಗ ತೆಗೆಯುತ್ತಿದ್ದರು.

ಆ ಬೀಗ ತೆಗೆಯುವುದೇ ಅವರಿಗೆ ದಿನದ ಅತ್ಯಂತ ಕಷ್ಟದ ಕೆಲಸ. ಹೆಂಡತಿ ಆಸ್ಪತ್ರೆಯಲ್ಲಿ ನರ್ಸು. ಮೂರು ವರ್ಷದ ಹಿಂದೆ ಆಕೆಗೆ ಬಡ್ತಿ ಬಂತು, ಬಡ್ತಿಯ ಬೆನ್ನಿಗೇ ವರ್ಗವೂ ಬಂತು. ಹೋದ ಊರು ಬಸ್ಸಿನಲ್ಲಿ ಅರ್ಧ ದಿನದ ದಾರಿ. ರಜೆ ಸಿಕ್ಕಾಗ ಆಕೆ ಬರುತ್ತಿದ್ದಳು. ಬಂದವಳು ಒಂದು ದಿನ ಮನೆ ಗುಡಿಸಿ, ಗಂಡ ತಳ ಹಿಡಿಸಿಟ್ಟ ಪಾತ್ರೆಗಳನ್ನೆಲ್ಲ ಉಜ್ಜಿ, ಮರುದಿನ ಹೊರಟುಹೋಗುತ್ತಿದ್ದಳು. ಗುಮಾಸ್ತರು ಹೆಂಡತಿಯನ್ನು ನೆನೆಯುತ್ತಿದ್ದರು ಎಂದರೆ ಕಡಿಮೆ ಹೇಳಿದಂತಾಗುತ್ತದೆ. ಅಡುಗೆಗೆ ಉಪ್ಪು ಹಾಕುವಾಗ ಕೈ ಹಳೇ ಅಭ್ಯಾಸದಂತೆ ಇಬ್ಬರ ಅಳತೆಗೇ ಹಾಕುತ್ತಿತ್ತು, ಉಳಿದದ್ದೆಲ್ಲ ಒಬ್ಬರ ಅಳತೆ. ಹೀಗಾಗಿ ಮೂರು ವರ್ಷದಿಂದ ಅವರು ಉಪ್ಪುಪ್ಪಾದ ಊಟವನ್ನೇ ಮಾಡುತ್ತಿದ್ದರು, ಮತ್ತು ಅದನ್ನು ತಿದ್ದಿಕೊಳ್ಳುವ ಮನಸ್ಸೂ ಅವರಿಗೆ ಇರಲಿಲ್ಲ.

ಒಂದು ಸಂಜೆ ಆಕೆ ಫೋನಿನಲ್ಲಿ ಅದೂ ಇದೂ ಮಾತಾಡಿ ಕೊನೆಗೆ ಹೇಳಿದಳು: "ಇವತ್ತು ನಮ್ಮ ಡಾಕ್ಟರಮ್ಮನ್ನ ಕರ್ಕೊಂಡು ಹೋಗೋಕೆ ಅವರ ಯಜಮಾನ್ರು ಕಾರ್ ತಗೊಂಡು ಬಂದಿದ್ರು. ನಾನು ಗೇಟಿನ ಹತ್ರ ನಿಂತು ನೋಡ್ತಾ ಇದ್ದೆ. ಆ ಕಾರಿನ ಚಕ್ರ ಎಷ್ಟು ಹೊಳೀತಿತ್ತು ಅಂತೀರಿ."

ಇಷ್ಟು ಹೇಳಿ ನಿಟ್ಟುಸಿರು ಬಿಟ್ಟು ಫೋನ್ ಇಟ್ಟಳು. ಕೇಳುವ ಕಿವಿ ಇದ್ದವರಿಗೆ ಆ ಮಾತಿನಲ್ಲಿ ಕೇಳಬೇಕಾದದ್ದು ಕೇಳುತ್ತಿತ್ತು. ಗುಮಾಸ್ತರಿಗೆ ಕೇಳಿದ್ದು ಚಕ್ರ.

ಅವರಿಗೂ ಒಂದು ಕಾರಿತ್ತು. ಇತ್ತು ಎನ್ನುವುದಕ್ಕಿಂತ ಮನೆಯ ಮುಂದೆ ನಿಂತಿತ್ತು ಎನ್ನುವುದು ಸರಿ. ಮಾರುಕಟ್ಟೆಗೆ ಹೋಗಿ ಬರುವಷ್ಟು ಓಡುತ್ತಿತ್ತು. ಚಕ್ರಗಳು ಕಬ್ಬಿಣದವು, ತುಕ್ಕು ಹಿಡಿದಿದ್ದವು. ಟೈರುಗಳು ಗುಮಾಸ್ತರ ನೆತ್ತಿಯಷ್ಟೇ ನುಣ್ಣಗಾಗಿದ್ದವು. ಆ ಟೈರು ನಂಬಿಕೊಂಡು ಊರು ದಾಟುವ ಧೈರ್ಯ ಅವರಿಗೆ ಎಂದೂ ಬಂದಿರಲಿಲ್ಲ. ಆ ರಾತ್ರಿ ಅವರು ಹಾಸಿಗೆಯಲ್ಲಿ ಹೊರಳಾಡಿ ಒಂದು ತೀರ್ಮಾನಕ್ಕೆ ಬಂದರು. ಹೆಂಡತಿ ತಮ್ಮ ಬಳಿ ಇದುವರೆಗೆ ಏನನ್ನೂ ಕೇಳಿದವಳಲ್ಲ. ಈಗ ಬಾಯಿಬಿಟ್ಟು ಹೊಳೆಯುವ ಚಕ್ರ ಕೇಳಿದ್ದಾಳೆ. ಕೊಡಿಸದಿದ್ದರೆ ತಾನು ಗಂಡಸಲ್ಲ.

ಪಕ್ಕದ ಮನೆಯಲ್ಲಿದ್ದವರು ತೂಕ ಮತ್ತು ಅಳತೆ ಇಲಾಖೆಯಿಂದ ನಿವೃತ್ತರಾದ ಇನ್ಸ್‌ಪೆಕ್ಟರು. ಇಲಾಖೆ ಅವರನ್ನು ಬಿಟ್ಟಿತ್ತು, ಅವರು ಇಲಾಖೆಯನ್ನು ಬಿಟ್ಟಿರಲಿಲ್ಲ. ಹಾಲಿನವನ ಲೀಟರು, ತರಕಾರಿಯವಳ ಕಿಲೋ ಎಲ್ಲವೂ ಅವರ ಕಣ್ಣ ಮುಂದೆಯೇ ಇನ್ನೊಮ್ಮೆ ಅಳೆಯಿಸಿಕೊಳ್ಳಬೇಕಿತ್ತು. ಗುಮಾಸ್ತರು ಚಕ್ರದ ಮಾತೆತ್ತಿದ ಕೂಡಲೇ ಅವರು ಒಳಗಿನಿಂದ ಒಂದು ಡಬ್ಬಿಯ ಮುಚ್ಚಳ, ಒಂದು ದೊಡ್ಡ ತಟ್ಟೆ ತಂದು ಕಾಂಪೌಂಡ್ ಗೋಡೆಯ ಮೇಲೆ ಉರುಳಿಸಿ ತೋರಿಸಿದರು. ಮುಚ್ಚಳ ಒಂದು ಸುತ್ತು ಉರುಳಿ ಗೇಣುದ್ದವೂ ಹೋಗಲಿಲ್ಲ. ತಟ್ಟೆ ಅದೇ ಒಂದು ಸುತ್ತಿನಲ್ಲಿ ಎರಡು ಮೊಳ ದೂರ ಹೋಗಿ ಗುಮಾಸ್ತರ ಕಾಲಿನ ಮೇಲೆ ಬಿತ್ತು.

"ಗೊತ್ತಾಯ್ತಾ ಗುಮಾಸ್ತರೇ? ದೊಡ್ಡ ಚಕ್ರ ಹಾಕಿದ್ರೆ ಊರು ಹತ್ತಿರ ಆದ ಹಾಗೆಯೇ" ಎಂದರು ಇನ್ಸ್‌ಪೆಕ್ಟರು.

ಇನ್ಸ್‌ಪೆಕ್ಟರಿಗೆ ಅದು ಲೆಕ್ಕದ ಮಾತು. ಗುಮಾಸ್ತರಿಗೆ ಅದು ಎದೆಗೇ ನಾಟಿತು. ಕಾಲು ನೋಯುತ್ತಿದ್ದುದೂ ಅವರ ಗಮನಕ್ಕೆ ಬರಲಿಲ್ಲ. ಊರು ಹತ್ತಿರವಾಗುವುದೆಂದರೆ ಆ ಊರಿನಲ್ಲಿರುವವಳು ಹತ್ತಿರವಾದಂತೆ. ಇಷ್ಟು ಸುಲಭದ ಉಪಾಯ ಮೂರು ವರ್ಷದಿಂದ ಪಕ್ಕದ ಮನೆಯಲ್ಲೇ ಇದ್ದೂ ತಮಗೆ ಹೊಳೆಯಲಿಲ್ಲವಲ್ಲ ಎಂದು ಅವರಿಗೆ ತಮ್ಮ ಮೇಲೆಯೇ ಸಿಟ್ಟು ಬಂತು.

ಟೈರಂಗಡಿಯ ಮಾಲೀಕ ಮಾತಿನ ಮಲ್ಲ. ಕಾರನ್ನು ಒಂದು ಸುತ್ತು ಹಾಕಿ, ನಾಲಿಗೆ ಲೊಚಗುಟ್ಟಿಸಿ, ಈ ಕಾರಿಗೆ ಇಷ್ಟು ದಿನ ಅನ್ಯಾಯವಾಗಿದೆ ಎಂದು ಘೋಷಿಸಿದ. ಆಮೇಲೆ ಒಳಗಿನಿಂದ ಒಂದು ಅಲಾಯ್ ಚಕ್ರವನ್ನು ಹೊರಗೆ ತಂದು ಬಿಸಿಲಿಗೆ ಹಿಡಿದ. ಗುಮಾಸ್ತರು ಅದರಲ್ಲಿ ತಮ್ಮ ಮುಖವನ್ನೇ ಕಂಡರು, ಸ್ವಲ್ಪ ಅಗಲವಾಗಿ. ಅವರು ಸಂಕೋಚದಿಂದಲೇ, ಇದು ನಮ್ಮ ಕಾರಿಗೆ ಹೊಂದುತ್ತದೆಯೇ ಎಂದು ವಿಚಾರಿಸಿದರು. ಚಕ್ರ ಕೊಳ್ಳುವುದೂ ಸಂಬಂಧ ಬೆಳೆಸುವುದೂ ಒಂದೇ ಎಂದು ಮಾಲೀಕ ವಿವರಿಸಿದ. ಬೋಲ್ಟಿನ ತೂತು ಅಲ್ಲೂ ನಾಲ್ಕು, ಇಲ್ಲೂ ನಾಲ್ಕು. ತೂತಿನಿಂದ ತೂತಿಗೆ ಅಂತರ ಸರಿ, ನಡುವಿನ ತೂತೂ ಸರಿ. ಇನ್ನು ಎತ್ತರ, ಅಗಲ ಒಂದಿಷ್ಟು ಹೆಚ್ಚು, ಹೆಚ್ಚಾದದ್ದು ಶೋಭೆ. ಕೊನೆಗೆ ಧರ್ಮಕ್ಕೆ ಒಂದು ಪ್ರಶ್ನೆ ಕೇಳಿದ:

"ಗಾಡೀಲಿ ಎಷ್ಟು ಜನ ಓಡಾಡ್ತೀರಾ ಸಾರ್?"

ಈ ಪ್ರಶ್ನೆಯನ್ನು ಗುಮಾಸ್ತರಿಗೆ ಎಲ್ಲರೂ ಕೇಳಿದ್ದರು. ಮನೆಯಲ್ಲಿ ಎಷ್ಟು ಜನ ಎಂದು ಹಾಲಿನವನು ಕೇಳಿದ್ದ, ಗ್ಯಾಸಿನವನು ಕೇಳಿದ್ದ, ಜನಗಣತಿಯವಳು ಕೇಳಿದ್ದಳು. ಎಲ್ಲರಿಗೂ ಅವರು ಕೊಡುತ್ತಿದ್ದ ಉತ್ತರ ಒಂದೇ, ಅದಕ್ಕೊಂದು ರಾಗವೂ ಕೂಡಿಬಂದಿತ್ತು. ಅದೇ ರಾಗದಲ್ಲಿ ಹೇಳಿದರು: "ನಾನೊಬ್ಬನೇ."

"ಹಾಗಾದ್ರೆ ಧಾರಾಳವಾಗಿ ಹಾಕ್ಬಹುದು" ಎಂದ ಮಾಲೀಕ.

ಹಾಕಿಯೇ ಬಿಟ್ಟ. ಹಳೆಯ ಚಕ್ರಗಳನ್ನು ಅವನೇ ಇಟ್ಟುಕೊಂಡ. ಕಾರು ಮನೆಗೆ ಬಂದಾಗ ಬೀದಿ ಬೀದಿಯೇ ಹೊರಗೆ ಬಂತು. ಕಾರು ಮೇಲೆ ಹಳೆಯದೇ, ಬಾಗಿಲಿನ ತಗ್ಗೂ ಹಾಗೇ ಇತ್ತು. ಕೆಳಗೆ ಮಾತ್ರ ರಾಜಕುಮಾರನ ಪಾದ. ಇನ್ಸ್‌ಪೆಕ್ಟರ ಹೆಂಡತಿ, ಮನೆಗೆ ಯಾರೋ ದೊಡ್ಡವರು ಬಂದಿದ್ದಾರೆಂದು ತಿಳಿದು ತಲೆ ಬಾಚಿಕೊಂಡು ಬಂದರು. ಗುಮಾಸ್ತರು ಆ ಸಂಜೆ ಕಾರಿನಲ್ಲೇ ಕುಳಿತು ಎಡಗಡೆಯ ಸೀಟನ್ನು ಒರೆಸಿದರು. ಒರೆಸಿದ ಮೇಲೂ ಅದರ ಮೇಲೆ ಕೈಯಿಟ್ಟುಕೊಂಡೇ ಕುಳಿತಿದ್ದರು. ನಂತರ ಹೆಂಡತಿಗೆ ಫೋನ್ ಮಾಡಿ, ಶನಿವಾರ ಬಸ್ ಹತ್ತಬೇಡ, ನಾನೇ ಕಾರಿನಲ್ಲಿ ಬರ್ತೀನಿ ಎಂದರು. ಚಕ್ರದ ವಿಷಯ ಹೇಳಲಿಲ್ಲ. ಅದನ್ನು ಆಕೆ ಕಣ್ಣಾರೆ ನೋಡಲಿ ಎಂದು ಬಚ್ಚಿಟ್ಟರು.

ಅತ್ತ ಕಡೆಯಿಂದ ಆಕೆ ಕೇಳಿದಳು: "ನಿಜವಾಗ್ಲೂ ಬರ್ತೀರಾ?" ಆ ದನಿಯನ್ನು ಗುಮಾಸ್ತರು ಮದುವೆಯಾದ ಹೊಸತರಲ್ಲಿ ಕೇಳಿದ್ದೇ ಕೊನೆ. ಆ ಊರಿನ ನರ್ಸುಗಳ ವಸತಿಯಲ್ಲಿ ಈ ಸುದ್ದಿ ಅರ್ಧ ಗಂಟೆಯೊಳಗೆ ಎಲ್ಲ ಕೋಣೆಗೂ ಹೋಯಿತು ಎಂದು ಮರುದಿನ ಆಕೆಯೇ ನಾಚಿಕೊಂಡು ಹೇಳಿದಳು.

ಇಲ್ಲಿಗೆ ಕಥೆ ಮುಗಿಯಬೇಕಿತ್ತು. ಆದರೆ ಗುಮಾಸ್ತರಿಗೆ ಅತ್ತೆ ಒಬ್ಬರಿದ್ದರು.

ಅತ್ತೆಯವರು ಎರಡು ಬೀದಿಯಾಚೆ ಮಗನ ಮನೆಯಲ್ಲಿದ್ದರು. ಮೈಕೈ ತುಂಬಿಕೊಂಡ ಗಟ್ಟಿ ಹೆಂಗಸು. ಅಳಿಯ ಕಾರಿನಲ್ಲಿ ಹೋಗುತ್ತಾನೆಂದು ತಿಳಿದು, ಮಗಳನ್ನು ಕರೆತರಲು ತಾವೂ ಬರುವುದಾಗಿ ಹೇಳಿ ಕಳಿಸಿದರು. ಮೊದಲು ಒಂದು ಸುತ್ತು ಕೂತು ನೋಡೋಣವೆಂದು ಒಳ್ಳೆಯ ಬಟ್ಟೆ ಉಟ್ಟು ಮಂಗಳವಾರವೇ ಬಂದರು. ಹಿಂದಿನ ಸೀಟಿನಲ್ಲಿ ಕುಳಿತು, ಕಿಟಕಿ ಇಳಿಸಿ, ಬೀದಿಯವರೆಲ್ಲ ನೋಡುತ್ತಿದ್ದಾರೆಂದು ಖಚಿತ ಮಾಡಿಕೊಂಡು, ಹೊರಡಿ ಎಂದು ಅಪ್ಪಣೆ ಕೊಟ್ಟರು. ಗುಮಾಸ್ತರು ಹೊರಟರು. ಕಾರು "ಗರ್ರ್" ಎಂದಿತು.

ನಿಲ್ಲಿಸಿ, ಇಳಿದು, ಬಗ್ಗಿ ನೋಡಿದರು. ಏನೂ ಕಾಣಲಿಲ್ಲ. ಅತ್ತೆಯವರನ್ನು ಇಳಿಸಿ ಒಂದು ಸುತ್ತು ಓಡಿಸಿ ನೋಡಿದರು. ಕಾರು ಬೆಣ್ಣೆಯ ಹಾಗೆ ಓಡಿತು. ಅತ್ತೆಯವರು ಮತ್ತೆ ಹತ್ತಿದರು. "ಗರ್ರ್." ಇಳಿದರು, ಸದ್ದಿಲ್ಲ. ಹತ್ತಿದರು, ಸದ್ದು. ನೋಡುತ್ತಿದ್ದವರಲ್ಲಿ ಯಾರೋ ಕಿಸಕ್ಕನೆ ನಕ್ಕರು. ಅತ್ತೆಯವರು ಇಳಿದು ನಿಂತು, ಬಟ್ಟೆಯ ನೆರಿಗೆ ಸರಿಮಾಡಿಕೊಂಡು, ಒಂದು ಮಾತು ಹೇಳಿದರು:

"ಅಳಿಯಂದಿರೇ, ನಾನು ಬರೋದು ಬೇಡ ಅನ್ನೋದಾಗಿದ್ರೆ ಬಾಯಲ್ಲೇ ಹೇಳಬಹುದಿತ್ತು. ಕಾರಿನ ಕೈಲಿ ಹೇಳಿಸಬೇಕಾಗಿರಲಿಲ್ಲ."

ಹೇಳಿ ನಡೆದುಕೊಂಡೇ ಹೋದರು. ಮಗಳಿಗೂ ಫೋನ್ ಮಾಡಲಿಲ್ಲ. ಸಿಟ್ಟು ಫೋನಿನಲ್ಲಿ ಹೇಳಿದರೆ ಹಳಸಿಹೋಗುತ್ತದೆಂದು ಮಗಳು ಎದುರಿಗೆ ಬರುವವರೆಗೆ ಜೋಪಾನವಾಗಿ ಇಟ್ಟುಕೊಂಡರು. ಸುದ್ದಿ ಮಾತ್ರ ಕಾಲು ಬಂದ ಹಾಗೆ ಓಡಿತು. ಗುಮಾಸ್ತರು ಅತ್ತೆ ಕುಳಿತರೆ ಕೂಗುವ ಯಂತ್ರವನ್ನು ಕಾರಿಗೆ ಕೂಡಿಸಿದ್ದಾರೆ ಎಂಬುದು ಬುಧವಾರ ಬೆಳಗ್ಗೆ ಕಚೇರಿಗೆ ತಲುಪಿದ ಆವೃತ್ತಿ. ಇಪ್ಪತ್ತು ವರ್ಷದಲ್ಲಿ ಒಮ್ಮೆಯೂ ಕೂರಲು ಹೇಳದಿದ್ದ ಮೇಲಧಿಕಾರಿ ಅವರನ್ನು ಕೋಣೆಗೆ ಕರೆಸಿ, ಬಾಗಿಲು ಹಾಕಿಸಿ, ಕುರ್ಚಿ ತೋರಿಸಿ, ದನಿ ತಗ್ಗಿಸಿ, ಅದನ್ನು ಯಾವ ಅಂಗಡಿಯಲ್ಲಿ ಹಾಕಿಸಿದಿರಿ ಎಂದು ವಿಚಾರಿಸಿದರು. ಗುಮಾಸ್ತರು ಹಾಗೇನೂ ಇಲ್ಲವೆಂದು ಎಷ್ಟು ಹೇಳಿದರೂ ಸಾಹೇಬರು ನಂಬಲಿಲ್ಲ. ಬೇಕಾದಾಗ ಉಪಕಾರ ಮಾಡದ ಮನುಷ್ಯ ಎಂದು ಮುಖ ಸಿಂಡರಿಸಿಕೊಂಡರು. ಶನಿವಾರದ ರಜೆಯನ್ನು ಮಾತ್ರ ಮಂಜೂರು ಮಾಡಿದರು, ಆಮೇಲಾದರೂ ಗುಟ್ಟು ಬಿಟ್ಟುಕೊಟ್ಟಾನು ಎಂಬ ಆಸೆಯಿಂದ.

ಸಂಜೆ ಟೈರಂಗಡಿಯಲ್ಲಿ ಗುಟ್ಟು ಬಯಲಾಯಿತು. ಹೊಸ ಚಕ್ರ ಎತ್ತರದಲ್ಲಿ ಒಂದು ಚೂರು ಹೆಚ್ಚು, ಅಗಲದಲ್ಲಿ ಒಂದು ಚೂರು ಹೆಚ್ಚು, ಹೊರಕ್ಕೆ ಒಂದು ಚೂರು ಚಾಚಿಕೊಂಡಿದೆ. ಕಾರಿನ ಸ್ಪ್ರಿಂಗುಗಳು ವಯಸ್ಸಾಗಿ ಸೊರಗಿವೆ. ಓಡಿಸುವವರ ಜೊತೆ ಇನ್ನೊಬ್ಬರು ಕುಳಿತ ಕೂಡಲೇ ಕಾರಿನ ಮೈ ಕುಗ್ಗಿ ಮಡ್‌ಗಾರ್ಡಿನ ಅಂಚು ಟೈರಿನ ಮೇಲೆ ಇಳಿಯುತ್ತದೆ. ಚೂರು ಚೂರು ಸೇರಿ ಹೀಗಾಗಿದೆ. ಗುಮಾಸ್ತರು ಸಿಟ್ಟು ಮಾಡಿದರು. ಅಂದರೆ ಸಿಟ್ಟು ಮಾಡಬೇಕೆಂದು ಬಾಯಿ ತೆರೆದರು.

"ನೀವೇ ಹೇಳಿದ್ರಲ್ಲ ಸಾರ್, ನಾನೊಬ್ಬನೇ ಅಂತ" ಎಂದ ಮಾಲೀಕ.

ಗುಮಾಸ್ತರು ಬಾಯಿ ಮುಚ್ಚಿದರು. ಯಾರನ್ನು ಕರೆತರಲೆಂದು ಚಕ್ರ ಕೊಂಡರೋ ಅವಳನ್ನೇ ಲೆಕ್ಕಕ್ಕೆ ಹಿಡಿಯದೆ ಬಂದಿದ್ದರು. ಇಷ್ಟು ದಿನ ಒಬ್ಬನೇ ಒಬ್ಬನೇ ಎಂದು ಹೇಳಿ ಹೇಳಿ ನಾಲಿಗೆಗೆ ಅದು ಅಭ್ಯಾಸವಾಗಿಹೋಗಿತ್ತು. ಅಂಗಡಿಯ ಬೆಂಚಿನ ಮೇಲೆ ಕುಳಿತು, ಹಳೆಯ ಚಕ್ರವನ್ನಾದರೂ ಹಾಕಿಕೊಡಪ್ಪ ಎಂದು ಕೇಳಿದರು. ಅವನ್ನು ಯಾರೋ ತಳ್ಳುಗಾಡಿಯವರು ಆಗಲೇ ಒಯ್ದಿದ್ದರು. ಸರಿಯಾದ ಅಳತೆಯದ್ದು ಮುಂದಿನ ವಾರ ತರಿಸಿಕೊಡುತ್ತೇನೆ, ಶನಿವಾರಕ್ಕೆ ಮಾತ್ರ ಯಾರಪ್ಪನಿಂದಲೂ ಆಗುವುದಿಲ್ಲ ಎಂದ ಮಾಲೀಕ.

ಶನಿವಾರ ಬರಲಾಗುವುದಿಲ್ಲ ಎಂದು ಹೆಂಡತಿಗೆ ಹೇಳಿಬಿಡಬಹುದಿತ್ತು. ಗುಮಾಸ್ತರು ಎರಡು ಸಲ ಫೋನ್ ಕೈಗೆ ತೆಗೆದುಕೊಂಡರು. "ನಿಜವಾಗ್ಲೂ ಬರ್ತೀರಾ" ಎಂಬ ದನಿ ಕಿವಿಯಲ್ಲಿತ್ತು. ಎರಡು ಸಲವೂ ಕೆಳಗಿಟ್ಟರು.

ಇನ್ಸ್‌ಪೆಕ್ಟರು ಮಾತ್ರ ವಿಷಯ ತಿಳಿದು ಹತ್ತು ವರ್ಷ ಚಿಕ್ಕವರಾದರು. ನಿವೃತ್ತಿಯ ನಂತರ ತೂಕಕ್ಕೆ ಸಂಬಂಧಿಸಿದ ಇಷ್ಟು ಗಂಭೀರ ಪ್ರಕರಣ ಅವರ ಮುಂದೆ ಬಂದಿರಲಿಲ್ಲ. ಕಾರು ಎಷ್ಟು ತೂಕಕ್ಕೆ ಕೂಗುತ್ತದೆ ಎಂಬುದನ್ನು ಸರಿಯಾಗಿ ಕಂಡುಹಿಡಿದರೆ ಅದಕ್ಕಿಂತ ಕಡಿಮೆ ಇರುವವರನ್ನು ನಿರಾತಂಕವಾಗಿ ಕೂರಿಸಬಹುದು ಎಂದರು. ಮೊದಲಿಗೆ ತಮ್ಮ ಹೆಂಡತಿಯನ್ನೇ ಎಡಗಡೆಯ ಸೀಟಿನಲ್ಲಿ ಕೂರಲು ಕೇಳಿದರು. ಆಕೆ ಬೀದಿಯಲ್ಲಿ ತನ್ನನ್ನು ತೂಗಿಸುವ ಗಂಡನಿಗೆ ಇನ್ನು ಮುಂದೆ ಊಟ ಬಡಿಸುವುದಿಲ್ಲವೆಂದು ಹೇಳಿ ಒಳಗೆ ಹೋದರು. ಆಮೇಲೆ ಕಿರಾಣಿ ಅಂಗಡಿಯಿಂದ ಸಕ್ಕರೆ ಚೀಲಗಳು ಬಂದವು. ಒಂದೊಂದೇ ಚೀಲವನ್ನು ಸೀಟಿನ ಮೇಲೆ ಇಟ್ಟು, ಗುಮಾಸ್ತರಿಂದ ಕಾರನ್ನು ಮುಂದೆ ಹಿಂದೆ ಓಡಿಸಿ, ಇನ್ಸ್‌ಪೆಕ್ಟರು ನೆಲದ ಮೇಲೆ ಮಲಗಿ ಕಿವಿಗೊಟ್ಟು ಆಲಿಸಿದರು. ದಾರಿಹೋಕರು ನಿಂತರು. ಕಾರಿಗೆ ಸಕ್ಕರೆ ಕಾಯಿಲೆ ಇರಬೇಕು ಎಂದು ಯಾರೋ ಅಂದರು. ಕೊನೆಗೆ, ಹಿಂದಿನ ಸೀಟಿನಲ್ಲಿ ಯಾರೂ ಕೂರಕೂಡದು, ಮುಂದೆ ಹಗುರವಾದ ಒಬ್ಬರು ಕೂರಬಹುದು ಎಂದು ತೀರ್ಪಾಯಿತು. ಈಗ ಉಳಿದದ್ದು ಒಂದೇ ಪ್ರಶ್ನೆ. ಇನ್ಸ್‌ಪೆಕ್ಟರು ಮಂಡಿಯ ಧೂಳು ಕೊಡವಿಕೊಂಡು ಆ ಪ್ರಶ್ನೆಯನ್ನು ಕೇಳಿಯೇ ಬಿಟ್ಟರು: ನಿಮ್ಮ ಮನೆಯವರ ತೂಕ ಎಷ್ಟು?

ಮೂರು ವರ್ಷದ ಹಿಂದೆ ಕೇಳಿದ್ದರೆ ಗುಮಾಸ್ತರು ಅಂದಾಜಿನಿಂದಲಾದರೂ ಹೇಳುತ್ತಿದ್ದರು. ಈಗ ಗೊತ್ತಿರಲಿಲ್ಲ. ಹೆಂಡತಿಯ ತೂಕ ತನಗೆ ಗೊತ್ತಿಲ್ಲ ಎಂಬುದು ಅವರಿಗೆ ಇದ್ದಕ್ಕಿದ್ದಂತೆ ಬಹಳ ದುಃಖದ ಸಂಗತಿಯಾಗಿ ಕಂಡಿತು. ಒಳಗೆ ಹೋಗಿ ಫೋನ್ ಮಾಡಿದರು. ಊಟ ಆಯಿತೇ ಎಂದರು. ಡ್ಯೂಟಿ ಹೇಗಿತ್ತು ಎಂದರು. ಹವೆಯ ಬಗ್ಗೆ ವಿಚಾರಿಸಿದರು. ಆಮೇಲೆ ಕಣ್ಣು ಮುಚ್ಚಿಕೊಂಡು ಕೇಳಿದರು: "ನಿನ್ನ ತೂಕ ಈಗ ಎಷ್ಟು?"

"ಯಾಕ್ರೀ?"

"ಸುಮ್ನೆ."

"ಇಳಿದುಹೋಗಿದೀನಿ ರೀ. ಮೊದಲಿನ ಹಾಗಿಲ್ಲ. ದಿನಾ ರೋಗಿಗಳನ್ನ ತೂಕ ಮಾಡ್ತೀನಿ, ನಾನು ಹತ್ತಿ ನೋಡೋಕೆ ಹೋಗಲ್ಲ. ಒಬ್ಬಳೇ ಕೂತು ಊಟ ಮಾಡಬೇಕು ಅಂದ್ರೆ ತುತ್ತು ಇಳಿಯಲ್ಲ. ನೀವು ಇದನ್ನ ಕೇಳ್ತೀರಾ ಅಂತ ನಾನು ಅಂದ್ಕೊಂಡೇ ಇರ್ಲಿಲ್ಲ."

ಇಳಿದಿದ್ದೇನೆ ಎಂದ ಕೂಡಲೇ ಗುಮಾಸ್ತರಿಗೆ ಸಂತೋಷವಾಗಿತ್ತು. ಮುಂದಿನ ಮಾತು ಕೇಳಿದ ಮೇಲೆ ಆ ಸಂತೋಷಕ್ಕೆ ತಾವೇ ನಾಚಿ ಗೋಡೆಯ ಕಡೆ ಮುಖ ಮಾಡಿ ನಿಂತರು. ಆಕೆ ಅಲ್ಲಿ ಒಬ್ಬಳೇ ತಟ್ಟೆಯ ಮುಂದೆ ಕುಳಿತಿರುವುದನ್ನು ಅವರು ಇದುವರೆಗೆ ನೆನೆಸಿಕೊಂಡೇ ಇರಲಿಲ್ಲ. ತಾವು ಒಬ್ಬರೇ ಕುಳಿತಿರುವುದಷ್ಟೇ ಅವರಿಗೆ ಕಾಣುತ್ತಿತ್ತು. ಶನಿವಾರ ಬೇಗ ಬರ್ತೀನಿ ಎಂದಷ್ಟೇ ಹೇಳಿ ಫೋನ್ ಇಟ್ಟರು. ಗೇಟಿನಲ್ಲಿ ಕಾಯುತ್ತಿದ್ದ ಇನ್ಸ್‌ಪೆಕ್ಟರು ಎಷ್ಟಂತೆ ಎಂದರು. ಇಳಿದುಹೋಗಿದ್ದಾಳಂತೆ ಎಂದರು ಗುಮಾಸ್ತರು.

"ಅದು ಅಳತೆಯಲ್ಲ" ಎಂದು ಇನ್ಸ್‌ಪೆಕ್ಟರು ಬೇಸರಪಟ್ಟುಕೊಂಡರು.

ಶನಿವಾರ ಗುಮಾಸ್ತರು ಒಬ್ಬರೇ ಹೊರಟರು. ಕಾರು ಒಬ್ಬರಿಗೆ ಹೇಳಿ ಮಾಡಿಸಿದ ಹಾಗಿತ್ತು. ಸದ್ದಿಲ್ಲ, ಸುದ್ದಿಯಿಲ್ಲ. ಹೆದ್ದಾರಿಯಲ್ಲಿ ವೇಗ ತೋರಿಸುವ ಮುಳ್ಳನ್ನು ನೋಡಿಕೊಂಡು ಸಾಧುವಾಗಿಯೇ ಹೋಗುತ್ತಿದ್ದರೂ ಒಬ್ಬ ಪೊಲೀಸ್ ಕೈ ಅಡ್ಡ ಹಿಡಿದು ನಿಲ್ಲಿಸಿದ. ಮಿತಿಮೀರಿದ ವೇಗವಂತೆ. ಗುಮಾಸ್ತರು ಜನ್ಮದಲ್ಲಿ ಮೊದಲ ಬಾರಿಗೆ ಇಂಥ ಆರೋಪ ಕೇಳಿ ಒಳಗೊಳಗೇ ಸ್ವಲ್ಪ ಹೆಮ್ಮೆಪಟ್ಟರು. ಆಮೇಲೆ ವಿಷಯ ತಿಳಿಯಿತು. ಮುಳ್ಳು ಇನ್ನೂ ಹಳೆಯ ಚಕ್ರದ ಲೆಕ್ಕವನ್ನೇ ಹೇಳುತ್ತಿತ್ತು. ದೊಡ್ಡ ಚಕ್ರ ಒಂದೊಂದು ಸುತ್ತಿಗೂ ಗುಟ್ಟಾಗಿ ಒಂದಿಷ್ಟು ಹೆಚ್ಚು ದೂರ ಹೋಗುತ್ತಿತ್ತು. ಇನ್ಸ್‌ಪೆಕ್ಟರು ಹೇಳಿದ್ದು ನಿಜವಾಗಿ ಊರು ಹತ್ತಿರವಾಗಿತ್ತು, ಕಾನೂನಿಗೆ ಮಾತ್ರ ತಿಳಿದಿರಲಿಲ್ಲ.

ಗುಮಾಸ್ತರು ಮೊದಲಿನಿಂದ ಎಲ್ಲವನ್ನೂ ಹೇಳಿದರು. ಹೆಂಡತಿ, ಚಕ್ರ, ಅತ್ತೆ, ಸಕ್ಕರೆ ಚೀಲ. ಪೊಲೀಸಿಗೆ ನಂಬಿಕೆ ಬರಲಿಲ್ಲ. ತಾನೇ ಎಡಗಡೆಯ ಸೀಟಿನಲ್ಲಿ ಕುಳಿತು, ಓಡಿಸಿ ನೋಡೋಣ ಎಂದ. ಕಾರು ಸರ್ಕಾರದ ಮುಲಾಜಿಲ್ಲದೆ "ಗರ್ರ್" ಎಂದಿತು. ಪೊಲೀಸ್ ಇಳಿದು, ಟೋಪಿ ತೆಗೆದು, ಯಾರನ್ನೂ ಕೂರಿಸಲಾಗದ ಕಾರಿನಲ್ಲಿ ಹೆಂಡತಿಯನ್ನು ಕರೆತರಲು ಹೋಗುವವನಿಗೆ ಯಾವ ಕಾಯಿದೆ ಹಚ್ಚುವುದೆಂದು ಬಹಳ ಯೋಚಿಸಿದ. ಯಾವುದೂ ಸಿಗಲಿಲ್ಲ. ನಿಧಾನವಾಗಿ ಹೋಗಿ, ಹೆಂಡತಿ ಎಲ್ಲೂ ಓಡಿಹೋಗೋದಿಲ್ಲ ಎಂದು ಬುದ್ಧಿ ಹೇಳಿ ಬಿಟ್ಟ.

ಆಸ್ಪತ್ರೆಯ ವಸತಿಯ ಗೇಟಿನಲ್ಲಿ ಆಕೆ ನಿಂತಿದ್ದಳು. ಕೈಯಲ್ಲಿ ಚೀಲ. ಮೇಲಿನ ಕಿಟಕಿಗಳಲ್ಲೆಲ್ಲ ನರ್ಸುಗಳ ಮುಖ. ಆಕೆ ನಿಜವಾಗಿಯೂ ಇಳಿದುಹೋಗಿದ್ದಳು. ಪ್ರತಿ ಸಲ ಊರಿಗೆ ಬಂದಾಗಲೂ ಕಣ್ಣ ಮುಂದೆಯೇ ಓಡಾಡುತ್ತಿದ್ದವಳನ್ನು ಗುಮಾಸ್ತರು ಸರಿಯಾಗಿ ನೋಡಿದ್ದು ಇವತ್ತೇ. ಆಕೆ ಬಾಗಿಲು ತೆಗೆದು ಪಕ್ಕದಲ್ಲಿ ಕುಳಿತಾಗ ಸೀಟು ಅಷ್ಟೇನೂ ಕುಗ್ಗಲಿಲ್ಲ. ಗುಮಾಸ್ತರು ಉಸಿರು ಬಿಗಿಹಿಡಿದು ಕಾರನ್ನು ಹೊರಡಿಸಿದರು. ಸದ್ದಿಲ್ಲ. ಒಂದು ಮಾರು, ಎರಡು ಮಾರು, ಸದ್ದಿಲ್ಲ. ಜನ್ಮ ಸಾರ್ಥಕವಾಯಿತು ಎಂದುಕೊಳ್ಳುವಷ್ಟರಲ್ಲಿ ದಾರಿಯಲ್ಲಿ ಒಂದು ಸಣ್ಣ ಉಬ್ಬು ಬಂತು. ಕಾರು ಏರಿ ಇಳಿಯಿತು. "ಗರ್ರ್."

ಗುಮಾಸ್ತರು ನಿಲ್ಲಿಸಿ ಸ್ಟೀರಿಂಗಿನ ಮೇಲೆ ಎರಡೂ ಕೈ ಇಟ್ಟುಕೊಂಡು ಕುಳಿತರು. ಊರವರೆಗೆ ಇರುವ ಉಬ್ಬು ತಗ್ಗುಗಳೆಲ್ಲ ಅವರ ಕಣ್ಣ ಮುಂದೆ ಬಂದವು. ಟೈರು ದಾರಿಯಲ್ಲೇ ಹರಿದುಹೋಗುತ್ತದೆ. ಬೇರೆ ದಾರಿ ಕಾಣದೆ ನಿಜ ಹೇಳಿದರು. "ನಿನ್ನನ್ನ ಕರ್ಕೊಂಡು ಹೋಗೋಕೆ ಅಂತಲೇ ಚಕ್ರ ಹಾಕಿಸ್ದೆ. ಈಗ ಈ ಚಕ್ರದ ಮೇಲೆ ನಿನ್ನನ್ನ ಕೂರಿಸಿಕೊಳ್ಳೋಕೆ ಆಗಲ್ಲ."

"ಯಾವ ಚಕ್ರ?" ಎಂದಳು ಆಕೆ.

ಇಳಿದು ಬಗ್ಗಿ ನೋಡಿದಳು. ಅದುವರೆಗೆ ಆಕೆ ಚಕ್ರವನ್ನು ನೋಡಿಯೇ ಇರಲಿಲ್ಲ. ಮತ್ತೆ ಬಂದು ಕುಳಿತು, ಇದನ್ನು ಹಾಕಿಸಲು ಯಾರು ಹೇಳಿದರೆಂದು ಕೇಳಿದಳು. ನೀನೇ ಹೇಳಿದೆಯಲ್ಲ, ಡಾಕ್ಟರಮ್ಮನ ಕಾರಿನ ಚಕ್ರ ಹೊಳೀತಿತ್ತು ಅಂತ ಎಂದರು ಗುಮಾಸ್ತರು.

"ಅವರ ಯಜಮಾನ್ರು ಬಂದಿದ್ರು ಅಂತ ಹೇಳ್ದೆ ರೀ ನಾನು."

ಅಷ್ಟೇ ಹೇಳಿದಳು. ಗುಮಾಸ್ತರಿಗೆ ಈ ಸಲ ಪೂರ್ತಿ ಕೇಳಿಸಿತು. ಆಕೆ ಹಿಂದಕ್ಕೆ ತಿರುಗಿ ಕಿಟಕಿಗಳ ಕಡೆ ಒಮ್ಮೆ ನೋಡಿದಳು. ಆಮೇಲೆ ಬೆನ್ನು ನೆಟ್ಟಗೆ ಮಾಡಿಕೊಂಡು, ಗೆಳತಿಯರೆಲ್ಲ ನೋಡ್ತಿದ್ದಾರೆ, ಟೈರ್ ಹರಿದರೂ ಪರವಾಗಿಲ್ಲ, ಆ ತಿರುವಿನ ತನಕ ಓಡಿಸಿ ಎಂದಳು. ಗುಮಾಸ್ತರು ಓಡಿಸಿದರು. ಕಾರು ಉಬ್ಬು ತಗ್ಗಿಗೆಲ್ಲ ಗರ್ರ್ ಗರ್ರ್ ಎನ್ನುತ್ತ ತಿರುವಿನತ್ತ ಸಾಗಿತು. ಆಕೆ ಕಿಟಕಿಯಿಂದ ಕೈ ಹೊರಗೆ ಚಾಚಿ, ತಲೆಯೆತ್ತಿ, ಮಹಾರಾಣಿಯಂತೆ ಕೈ ಬೀಸಿದಳು. ಮೇಲಿನಿಂದ ನರ್ಸುಗಳು ಕೇಕೆ ಹಾಕಿದರು. ತಿರುವು ದಾಟಿದ ಮೇಲೆ ಬಸ್ ನಿಲ್ದಾಣವಿತ್ತು. ಅಲ್ಲಿ ಇಳಿದಳು.

ಕಾರನ್ನು ಇಲ್ಲೇ ಬಿಟ್ಟು ತಾವೂ ಬಸ್ಸಿಗೇ ಬರುವುದಾಗಿ ಗುಮಾಸ್ತರು ಹೇಳಿ ನೋಡಿದರು. ಇಷ್ಟು ಹೊಳೆಯುವ ಚಕ್ರವನ್ನು ಬೀದಿಯಲ್ಲಿ ಬಿಟ್ಟುಹೋದರೆ ನಾಳೆ ಕಾರು ಇಟ್ಟಿಗೆಯ ಮೇಲೆ ನಿಂತಿರುತ್ತದೆ ಎಂದಳು ಆಕೆ. ಕೊನೆಗೆ ಚೀಲ ಕಾರಿನಲ್ಲಿ ಕುಳಿತಿತು, ಚೀಲದ ಒಡತಿ ಬಸ್ಸು ಹತ್ತಿದಳು. ಬಸ್ಸಿನಲ್ಲಿ ಮುಂದೆ ಬೇಕಾದಷ್ಟು ಜಾಗವಿತ್ತು. ಆದರೂ ಆಕೆ ಎಲ್ಲವನ್ನೂ ದಾಟಿ ಹಿಂದಕ್ಕೆ, ಕಟ್ಟಕಡೆಯ ಸೀಟಿಗೆ ಹೋಗಿ ಹಿಂದಿನ ಗಾಜಿನ ಕಡೆ ತಿರುಗಿ ಕುಳಿತಳು.

ಬಸ್ಸು ಹೊರಟಿತು. ಗುಮಾಸ್ತರು ಅದರ ಹಿಂದೆಯೇ ಹೊರಟರು. ಧೂಳು ತಿಂದರು, ಹೊಗೆ ಕುಡಿದರು, ದಾಟಲು ಎಷ್ಟು ಸಲ ದಾರಿ ಸಿಕ್ಕಿದರೂ ದಾಟಲಿಲ್ಲ. ಹಿಂದಿನಿಂದ ಹಾರನ್ ಹೊಡೆದವರಿಗೆಲ್ಲ ಕೈ ಮಾಡಿ ಮುಂದೆ ಹೋಗಲು ಬಿಟ್ಟರು. ಬಸ್ಸು ನಿಂತಲ್ಲಿ ನಿಂತರು, ಹೊರಟಾಗ ಹೊರಟರು. ಗಾಜಿನ ಆಚೆ ಆಕೆಯ ಮುಖ ಇತ್ತು. ಗಾಜು ಕೊಳಕಾಗಿತ್ತು, ಆಕೆ ಅಂಗೈಯಿಂದ ಮುಖದಷ್ಟು ಜಾಗ ಒರೆಸಿಕೊಂಡಳು. ಆಮೇಲೆ ಅವರು ಏನೇನೋ ಸನ್ನೆ ಮಾಡಿಕೊಂಡರು. ಊಟ ಆಗಿದೆಯೇ ಎಂದು ಆಕೆ ಕೇಳಿದಳು, ಇಲ್ಲ ಎಂದು ಇವರು ತಲೆಯಾಡಿಸಿದರು. ಆಕೆ ಹಣೆ ಚಚ್ಚಿಕೊಂಡಳು. ಮನೆಯಲ್ಲಿ ಇಬ್ಬರೂ ಇರುವ ದಿನ ಪಾತ್ರೆ, ಕಸ, ಬಟ್ಟೆಯ ನಡುವೆ ಹೀಗೆ ಎದುರುಬದುರು ನೋಡಿಕೊಂಡಿರಲು ಪುರುಸೊತ್ತೇ ಸಿಗುತ್ತಿರಲಿಲ್ಲ. ಗುಮಾಸ್ತರಿಗೆ ಊರು ದೂರವೇ ಇರಲಿ ಎನಿಸಿತು. ಚಕ್ರ ಎಷ್ಟು ದೊಡ್ಡದಾದರೇನು, ಮುಂದೆ ಬಸ್ಸಿತ್ತು, ಅದು ನಿಧಾನವಾಗಿಯೇ ಹೋಗುತ್ತಿತ್ತು.

ಬಸ್ಸಿನ ಜನಕ್ಕೆ ಇದು ಹೇಗೆ ಕಂಡಿರಬೇಕು ಎಂದು ಅವರು ಯೋಚಿಸಲಿಲ್ಲ. ಅರ್ಧ ದಾರಿಯಲ್ಲಿ ಕಂಡಕ್ಟರು ಹಿಂದಕ್ಕೆ ಬಂದು, ಕಾರಿನ ಕಡೆ ಕೆಂಗಣ್ಣು ಬಿಟ್ಟು, ಬಗ್ಗಿ ಆಕೆಯ ಬಳಿ ಏನನ್ನೋ ಕೇಳಿದ್ದು ಗಾಜಿನಲ್ಲಿ ಕಂಡಿತು. ಆಕೆ ಏನನ್ನೋ ಹೇಳಿದ್ದೂ, ಕಂಡಕ್ಟರು ತಲೆ ಕೆರೆದುಕೊಂಡು ಮುಂದೆ ಹೋದದ್ದೂ ಕಂಡಿತು. ಆ ಮಾತು ಏನೆಂದು ಗುಮಾಸ್ತರಿಗೆ ಗೊತ್ತಾದದ್ದು ಊರು ಸೇರಿದ ಮೇಲೆ, ಆಕೆ ಊಟ ಬಡಿಸುತ್ತ ಹೇಳಿದಾಗ.

"ಅಮ್ಮಾ, ಆ ಕಾರಿನವನು ಆಗಿಂದ ನಿಮ್ಮನ್ನೇ ನೋಡ್ಕೊಂಡು ಹಿಂದೇನೇ ಬರ್ತಿದಾನೆ" ಎಂದಿದ್ದನಂತೆ ಕಂಡಕ್ಟರು. "ಮುಂದೆ ಪೊಲೀಸ್ ಠಾಣೆ ಸಿಗುತ್ತೆ. ಬಸ್ ನಿಲ್ಲಿಸಲಾ?"

ಆಕೆ ಗಾಜಿನಿಂದ ಕಣ್ಣು ತೆಗೆಯದೆ ಹೇಳಿದ್ದಳಂತೆ: "ಬೇಡ, ಬರಲಿ ಬಿಡಿ. ಅವರು ಇಷ್ಟು ದೂರ ಬಂದಿರೋದು ಇದೇ ಮೊದಲು."